ರೈಡರ್‌ನ ಡಿಗ್ರಿ

ದುರುಗಪ್ಪ ಕಾಲೇಜಿಗೆ ಮೂರು ವರ್ಷವೂ ಕಬಡ್ಡಿ ಕಪ್ ಗೆದ್ದುಕೊಟ್ಟ ರೈಡರ್. "ನೀನು ಮ್ಯಾಟ್ ಬಿಟ್ಟು ಬರಬೇಡ, ಪರೀಕ್ಷೆ ನಾವ್ ನೋಡ್ಕೋತೀವಿ" ಎಂದಿದ್ದ ಪ್ರಿನ್ಸಿಪಾಲರು, ಅವನ ಹಾಲ್‌ಟಿಕೆಟ್ಟಿಗೆ ತಮ್ಮ ಭಾವಮೈದುನನ ಫೋಟೊ ಅಂಟಿಸಿ, ಆ ಭಾವಮೈದುನನಿಂದಲೇ ಪರೀಕ್ಷೆ ಬರೆಸಿ ಪಾಸು ಮಾಡಿಸಿದ್ದರು. ಪ್ರೊ ಲೀಗಿನ ಎರಡನೇ ಸೀಸನ್ನಿನಲ್ಲಿ ದುರುಗಪ್ಪನ ಮೊಣಕಾಲು ಮುರಿಯಿತು, ತಂಡ ಕೈಬಿಟ್ಟಿತು. ಕುಂಟುತ್ತಾ ಕಾಲೇಜಿಗೆ ಬಂದ.

"ಸಾರ್, ಪಿ.ಟಿ. ಮೇಷ್ಟ್ರ ಕೆಲಸ ಖಾಲಿ ಐತಂತೆ. ಅದಾದ್ರೂ ಕೊಡ್ರಿ, ಬದುಕ್ಕೋತೀನಿ."

"ಭರ್ತಿಯಾಗೋಯ್ತಲ್ಲೋ ನಮ್ಮ ಹುಲಿ! ನಿನ್ನ ಕಬಡ್ಡಿ ಕಪ್‌ಗಳು, ನಿನ್ನ ಡಿಗ್ರಿ, ನಿನ್ನ ಜಾತಿ ಸರ್ಟಿಫಿಕೇಟು ನೋಡಿ ಕಮಿಟಿಯವ್ರು ಕಣ್ಮುಚ್ಚಿ ಸೈ ಹಾಕಿದ್ರು."

"ನಾನು ಅರ್ಜೀನೇ ಹಾಕಿಲ್ವಲ್ಲ ಸಾರ್!"

ಅಷ್ಟರಲ್ಲಿ ಕೊರಳಿಗೆ ವಿಷಲ್ ನೇತುಹಾಕಿಕೊಂಡ ಪ್ರಿನ್ಸಿಪಾಲರ ಭಾವಮೈದುನ ಒಳಬಂದು ಕೈ ಚಾಚಿದ: "ನಮಸ್ಕಾರ, ನಾನು ದುರುಗಪ್ಪ."