ಕೂಸಿನ ಕೌದಿ

ಕಲಬುರಗಿಗೆ ಹಿಮ ಬಂದ ಮೇಲೆ, ನೀರು ಹೆಪ್ಪುಗಟ್ಟಿ ಪೈಪು ಒಡೆಯದಿರಲೆಂದು ಸಂಜೆಯಾಗುತ್ತಲೇ ಜನ ತಾವು ಹೊದೆಯುವ ಕೌದಿಗಳನ್ನು ಅಂಗಳದ ನೀರಿನ ಪೈಪಿಗೆ ಸುತ್ತುತ್ತಾರೆ.

ಒಂದು ಸಂಜೆ ನೀಲಗಂಗಾಳ ಮನೆಯಲ್ಲಿ ಇದ್ದಬದ್ದ ಕೌದಿಯನ್ನೆಲ್ಲ ಸುತ್ತಿದರೂ ನಲ್ಲಿಯ ಕೆಳಗೆ ಗೇಣುದ್ದ ಪೈಪು ಬರಿದಾಗಿಯೇ ಉಳಿಯಿತು. ನೀಲಗಂಗಾ ಟ್ರಂಕಿನಿಂದ ಪುಟ್ಟ ಕೌದಿಯೊಂದನ್ನು ತಂದಳು. ಹುಟ್ಟಿದ ದಿನವೇ ತೀರಿಕೊಂಡ ಅವಳ ಮಗಳಿಗೆಂದು ಅತ್ತೆ ಗುರಮ್ಮ ತನ್ನ ಹಳೆಯ ಸೀರೆಗಳಿಂದ ಹೊಲಿದದ್ದು.

"ಅದೊಂದು ಬ್ಯಾಡವ್ವಾ," ಎಂದಳು ಗುರಮ್ಮ.

"ಪೈಪ್ ಒಡದ್ರ ಬ್ಯಾಸಗಿ ತನಕ ನೀರಿಲ್ಲ, ಅತ್ತಿ."

ಗುರಮ್ಮ ಕೌದಿಯನ್ನು ಇಸಿದುಕೊಂಡು ತಾನೇ ಸುತ್ತಿ, ದಾರ ಕಟ್ಟಿದಳು. ಬಿಗಿಯಾಯಿತೇನೋ ಎಂದು ಮತ್ತೆ ತುಸು ಸಡಿಲಿಸಿದಳು.

ಬೆಳಿಗ್ಗೆ ಪಕ್ಕದ ಮನೆಯ ಪೈಪು ಒಡೆದಿತ್ತು. ಗುರಮ್ಮ ಹೆದರುತ್ತಲೇ ತಮ್ಮ ನಲ್ಲಿ ತಿರುಗಿಸಿದಳು. ಮೊದಲು ಸಣ್ಣ ಸದ್ದು, ಆಮೇಲೆ ನೀರು.

"ನೀಲಗಂಗಾ, ಕೂಸು ಎದ್ದದ," ಎಂದು ಕೂಗಿದಳು. "ಕೊಡ ತಾ."