ಆಡಿದವರ ಹೆಸರು

ನಿಘಂಟಿನ ಮೊದಲ ಸಂಪುಟ ಸೋಮವಾರ ಅಚ್ಚಿಗೆ ಹೋಗಬೇಕಿತ್ತು. 'ಕಲ್ಪಿಸಿಕೊ' ಪದದ ಚೀಟಿ ನೋಡುತ್ತಲೇ ಸಂಪಾದಕರಿಗೆ ರೇಗಿತು. ಅರ್ಥವೇನೋ ಸರಿಯಾಗಿಯೇ ಇತ್ತು: ಇಲ್ಲದ್ದನ್ನು ಮನಸ್ಸಿನಲ್ಲಿ ಚಿತ್ರಿಸಿಕೊ. ಅದರ ಕೆಳಗೆ ಕೊಟ್ಟಿದ್ದ ಉದಾಹರಣೆಯನ್ನು ಗಟ್ಟಿಯಾಗಿ ಓದಿದರು.

"'ಏಟು ಬೀಳದ ಒಂದು ದಿನವನ್ನ ನನಗೆ ಕಲ್ಪಿಸಿಕೊಳ್ಳೋಕೂ ಆಗ್ತಿಲ್ಲ.' ಯಾವ ಕಾದಂಬರಿಯ ಗೋಳಮ್ಮ ಇದು?"

"ಕಾದಂಬರಿ ಅಲ್ಲ ಸಾರ್, ಬಾಯಲ್ಲಿ ಆಡಿದ್ದು," ಎಂದಳು ಸಹಾಯಕಿ.

"ಹಾಗಿದ್ರೆ ಆಡಿದವರ ಹೆಸರೆಲ್ಲಿ? ಮೂವತ್ತು ವರ್ಷದಲ್ಲಿ ಆಧಾರ ಇಲ್ಲದ ಒಂದೇ ಒಂದು ವಾಕ್ಯವನ್ನೂ ನಾನು ಒಳಗೆ ಬಿಟ್ಟವನಲ್ಲ."

"ಹೆಸರು ಬೇಡ ಬಿಡಿ ಸಾರ್."

"ಅಂದ್ರೆ ನೀವೇ ಕಟ್ಟಿದ್ದು!" ಅವರು ಚೀಟಿ ಹರಿಯಲು ಹೊರಟರು.

ಅವಳು ಅದನ್ನು ಅವರ ಕೈಯಿಂದ ಬಿಡಿಸಿಕೊಂಡು, ಮೂಲೆಯಲ್ಲಿ ಸಣ್ಣ ಅಕ್ಷರದಲ್ಲಿ ಹೆಸರು ಬರೆದು, ಮತ್ತೆ ಅವರ ಮುಂದಿಟ್ಟಳು. ಕನ್ನಡಕ ಎಲ್ಲಿಟ್ಟೆನೆಂದು ಅವರು ಮೇಜೆಲ್ಲ ತಡಕಾಡಿದರು.

"ಮೊನ್ನೆ ಹೊರಗೆ ಬೆಂಚಿನ ಮೇಲೆ ಮಧ್ಯಾಹ್ನದ ತನಕ ಕಾದಿದ್ರು ಸಾರ್," ಎಂದಳು ಅವಳು. "ಪುರುಸೊತ್ತಿಲ್ಲ, ಸುಮ್ಮನೆ ಗಂಡನ ಮನೆಗೆ ಹೋಗು ಅಂತ ನೀವು ಹೇಳಿಕಳಿಸಿದಾಗ ಆಡಿದ ಮಾತು. ನಿಮ್ಮ ಮಗಳು."