ಶ್ರವಣಯಂತ್ರದ ಬಿಡುಗಡೆ

ನ್ಯಾಯಾಧೀಶರು ಬಿಡುಗಡೆಗೆ ಒಪ್ಪಿದಾಗ ಬೆಳಿಗ್ಗೆ ಹನ್ನೊಂದು ಗಂಟೆ. ಅಲ್ಲಿಂದ ಮುಂದೆ ನಡೆಯಬೇಕಾದದ್ದು ಕ್ರಮವಾಗಿ ಇಷ್ಟು: ಮೊದಲು ಷರತ್ತುಗಳನ್ನು ಮಾಲೀಕನಿಗೆ ಓದಿ ತಿಳಿಸುವುದು, ಅನಂತರ ಅವನ ಒಪ್ಪಿಗೆ ಪಡೆಯುವುದು, ಕೊನೆಯಲ್ಲಿ ಅರಗಿನ ಮೊಹರು ಒಡೆದು ವಸ್ತುವನ್ನು ಕೈಗೊಪ್ಪಿಸುವುದು. ಮೊದಲ ಹೆಜ್ಜೆಯಲ್ಲೇ ಗಾಡಿ ನಿಂತುಹೋಯಿತು. ಬಸ್ಸಿನಲ್ಲಿ ಕಳುವಾಗಿ, ಕಳ್ಳನ ಜೊತೆಗೆ ಪೊಲೀಸರಿಗೆ ಸಿಕ್ಕಿ, ಸಾಕ್ಷ್ಯವೆಂದು ನ್ಯಾಯಾಲಯದ ಕಪಾಟು ಸೇರಿದ್ದ ಆ ವಸ್ತು ಒಂದು ಶ್ರವಣಯಂತ್ರ. ಅದರ ಮಾಲೀಕನಾದ ಬಡಗಿ, ಮರ ಕೊಯ್ಯುವ ಯಂತ್ರದ ಸದ್ದಿಗೆ ಎರಡೂ ಕಿವಿ ಕೊಟ್ಟು ಕುಳಿತವನು, ಅದಿಲ್ಲದೆ ಪಕ್ಕದಲ್ಲಿ ಪಟಾಕಿ ಹೊಡೆದರೂ ತಿರುಗಿ ನೋಡುವವನಲ್ಲ.

"ಪರಭಾರೆ ಮಾಡತಕ್ಕದ್ದಲ್ಲ!" ಗುಮಾಸ್ತ ಎರಡನೆಯ ಸಲ ಗಂಟಲು ಹರಿಯುವಂತೆ ಓದಿದ.

ಬಡಗಿ ಹಲ್ಲು ಬಿಟ್ಟು ನಕ್ಕ. "ಚೆನ್ನಾಗಿದೀನಿ ಸಾರ್. ನೀವು?"

ಆದೇಶದ ಹಾಳೆಯನ್ನೇ ಕೈಗೆ ಕೊಟ್ಟು ನೋಡಿದ್ದಾಯಿತು. ಆತ ಅದನ್ನು ದೂರ ಹಿಡಿದ, ಹತ್ತಿರ ಹಿಡಿದ, ಅಕ್ಷರಕ್ಕೆ ಅಕ್ಷರ ಕೂಡಿಸಿ ಹೇಗೋ ಒಂದು ಪದ ಓದಿ, "ಪರಭಾರೆ ಅಂದ್ರೇನು?" ಎಂದು ಹೊರಗಿನ ಜಗಲಿಯವರೆಗೂ ಕೇಳುವಂತೆ ಕೂಗಿದ. ಉತ್ತರ ಹೇಳಿದರೆ ಅದೂ ಆತನ ಕಿವಿಗೆ ಬೀಳುವಂತಿರಲಿಲ್ಲ.

"ಅಮ್ಮಾ, ಮಿಷನ್ನು ಕೊಟ್ಬಿಡಿ. ಹಾಕ್ಕೊಂಡು ಕೇಳಿಸ್ಕೋತಾರೆ," ಎಂದು ಪಕ್ಕದಲ್ಲಿದ್ದ ಬಡಗಿಯ ಹೆಂಡತಿ ನ್ಯಾಯಾಧೀಶರಿಗೆ ಕೈಮುಗಿದಳು.

"ಒಪ್ಪಿಗೆ ಆಗ್ದೆ ಮೊಹರು ಒಡೆಯೋ ಹಾಗಿಲ್ಲ ಮೇಡಂ," ಗುಮಾಸ್ತ ನ್ಯಾಯಾಧೀಶರ ಕಡೆ ತಿರುಗಿದ. "ಸನ್ನೆಭಾಷೆ ಬಲ್ಲವರನ್ನ ಕರೆಸೋಣ. ಮುಂದಿನ ತಿಂಗಳಿಗೆ ಇಟ್ಕೊಂಡ್ರೆ ಆಯ್ತು."

ಮುಂದಿನ ತಿಂಗಳವರೆಗೆ ಕಾಯುವುದು ಬಡಗಿಯ ಹೆಂಡತಿಗೆ ಸಾಧ್ಯವಿರಲಿಲ್ಲ. ಆಕೆಯ ಎಡಗಣ್ಣಿಗೆ ಬೆಳಕು, ಕತ್ತಲೆ ಬಿಟ್ಟರೆ ಬೇರೇನೂ ತಿಳಿಯದು. ಅಷ್ಟಿಷ್ಟು ಕಾಣುವ ಬಲಗಣ್ಣಿಗೆ ನಾಳೆಯೇ ಶಸ್ತ್ರಚಿಕಿತ್ಸೆ. ಕಟ್ಟು ಬಿಚ್ಚುವವರೆಗೆ ಆಕೆ ಕೂಗಿದರೆ ಆತನಿಗೆ ಕೇಳಿಸದು, ಆತ ಕೈ ಆಡಿಸಿದರೆ ಆಕೆಗೆ ಕಾಣಿಸದು. ಮನೆಯಲ್ಲಿ ಮೂರನೆಯವರು ಇಲ್ಲ. ಒಂದೇ ಕೋಣೆಯಲ್ಲಿದ್ದೂ ಬೇರೆ ಬೇರೆ ಊರಿನಲ್ಲಿದ್ದಂತೆ ಆಗಿಬಿಡುತ್ತದೆಯಲ್ಲ ಎಂಬ ಯೋಚನೆಯಲ್ಲೇ ಆಕೆ ಹಿಂದಿನ ರಾತ್ರಿ ಕಳೆದಿದ್ದಳು.

"ಅಮ್ಮಾ, ನಿಮ್ಮ ಮಾತು ಅವರಿಗೆ ಅರ್ಥ ಆಗುತ್ತಾ?" ನ್ಯಾಯಾಧೀಶರು ಕೇಳಿದರು.

"ಮಾತು ಎಲ್ಲಿಂದ ಬಂತಮ್ಮಾ? ಮಿಷನ್ನು ಕಳೆದಾಗಿಂದ ನಮ್ಮನೇಲಿ ಜಗಳಾನೂ ಕೈಯಲ್ಲೇ."

ಗುಮಾಸ್ತ ಗಾಬರಿಯಿಂದ ತಲೆಯೆತ್ತಿದ.

"ಸನ್ನೇಲಿ ಅಂದೆ ಸಾರ್!"

ನ್ಯಾಯಾಧೀಶರು ನಗುವನ್ನು ತುಟಿಯಲ್ಲೇ ತಡೆದರು. "ಹಾಗಾದ್ರೆ ನೀವೇ ತಿಳಿಸಿ. ಮೊದಲನೇದು, ಇದನ್ನ ಯಾರಿಗೂ ಮಾರಬಾರದು, ಕೊಡಬಾರದು."

ಆಕೆ ಗಂಡನ ಎದುರಿಗೆ ನಿಂತು ತನ್ನ ಕಿವಿ ಮುಟ್ಟಿ, ಹೆಬ್ಬೆರಳಿಗೆ ತೋರುಬೆರಳು ಉಜ್ಜಿ, ಬೇಡವೆಂದು ಕೈಯಾಡಿಸಿದಳು.

"ಮಾರೋದಾ? ನನ್ನ ಕಿವಿ ಅಳತೆಗೆ ಮಾಡ್ಸಿದ್ದು ಕಣೇ! ಕೊಂಡವನು ಕಿವೀನೂ ಕೇಳ್ತಾನೆ!"

"ಎರಡನೇದು, ಅದರ ಆಕಾರ, ಬಣ್ಣ, ಭಾಗ ಯಾವುದನ್ನೂ ಬದಲಾಯಿಸಬಾರದು."

ಆಕೆ ಗಾಳಿಯಲ್ಲೇ ತಿರುಪು ಬಿಚ್ಚಿ ತೋರಿಸಿ, ಕಣ್ಣು ಕೆಂಪಗೆ ಮಾಡಿದಳು. ಕೈಗೆ ಸಿಕ್ಕಿದ್ದನ್ನೆಲ್ಲ ಬಿಚ್ಚಿ ನೋಡುವ ಬಡಗಿಯ ಮುಖ ಸಣ್ಣದಾಯಿತು. "ಒಂದ್ಸಲ ಧೂಳಾದ್ರೂ ಒರೆಸ್ಬಾರ್ದಾ?" ಆಕೆಯ ಕಣ್ಣು ಇನ್ನಷ್ಟು ಕೆಂಪಾಯಿತು. "ಆಯ್ತು, ಮುಟ್ಟಲ್ಲ. ಹಾಗೆ ನೋಡ್ಬೇಡ."

"ಮೂರನೇದು, ಕೋರ್ಟು ಕರೆದಾಗ ತಂದು ಹಾಜರುಪಡಿಸಬೇಕು."

ಮೇಲಿನ ಪೀಠದತ್ತ ಒಂದು ಬೆರಳು, ಮುಂಗೈಯ ಮೇಲೆ ನಡೆದುಬರುವ ಎರಡು ಬೆರಳು. "ಬರ್ತೀನಿ, ಬರ್ತೀನಿ. ಇಲ್ಲಿ ಫ್ಯಾನು ಚೆನ್ನಾಗಿದೆ," ಎಂದ ಬಡಗಿ.

ಅಲ್ಲಿಗೆ ಷರತ್ತುಗಳು ಮುಗಿದವು. ಆಕೆಯ ಕೈಗಳು ಮಾತ್ರ ಕೆಳಗಿಳಿಯಲಿಲ್ಲ. ಎರಡೂ ಅಂಗೈಗಳಿಂದ ಕಣ್ಣು ಮುಚ್ಚಿಕೊಂಡು, ತುಟಿಯಲ್ಲೇ ಒಮ್ಮೆ ಕರೆದಳು. ಮತ್ತೆ ಕಣ್ಣು ತೆರೆದು ಅಂಗೈಯ ಮೇಲೆ ಕೆನ್ನೆಯಿಟ್ಟು ನಿದ್ದೆ ತೋರಿಸಿ, ಆತನ ಕಿವಿಯನ್ನು ಬೆರಳಿನಿಂದ ಒತ್ತಿ ಹಿಡಿದಳು. ಈ ಸಲ ಬಡಗಿ ಕೂಗಲಿಲ್ಲ. ಆಕೆಯನ್ನೇ ನೋಡುತ್ತ ನಿಧಾನವಾಗಿ ತಲೆಯಾಡಿಸಿದ.

ಮೊಹರು ಒಡೆಯಿತು. ಆಕೆ ಪರ್ಸಿನಿಂದ ಅಂಗಿಯ ಗುಂಡಿಯಷ್ಟಿದ್ದ ಹೊಸ ಬ್ಯಾಟರಿ ತೆಗೆದಳು. "ಭಾಗ ಬದಲಾಯಿಸೋ ಹಾಗಿಲ್ಲ..." ಎಂದು ಗುಮಾಸ್ತ ರಾಗ ತೆಗೆದ. "ಅದು ಭಾಗ ಅಲ್ಲ, ಊಟ," ಎಂದರು ನ್ಯಾಯಾಧೀಶರು. ಯಂತ್ರ ಕುಂಯ್ ಎಂದು ಕಿವಿಯಲ್ಲಿ ಕುಳಿತಿತು. ಬಡಗಿ ಮೊದಲು ಫ್ಯಾನಿನತ್ತ, ಆಮೇಲೆ ಹೆಂಡತಿಯತ್ತ ನೋಡಿದ.

ನ್ಯಾಯಾಧೀಶರು ಬೇಕೆಂದೇ ತಗ್ಗಿದ ದನಿಯಲ್ಲಿ ಕೇಳಿದರು: "ಈಗ ಹೇಳಿ, ಯಾವ ಯಾವ ಷರತ್ತಿಗೆ ಒಪ್ಕೊಂಡ್ರಿ?"

ತನ್ನ ದನಿ ತನಗೇ ಕೇಳಿಸಿದ್ದರಿಂದ ಬಡಗಿಯೂ ಮೆಲ್ಲಗೆ ಹೇಳಿದ: "ಮಾರೋ ಹಾಗಿಲ್ಲ ಮೇಡಂ. ಬಿಚ್ಚೋ ಹಾಗಿಲ್ಲ. ಕರೆದಾಗ ತರಬೇಕು. ಆಮೇಲೆ, ಇವಳ ಕಣ್ಣಿನ ಕಟ್ಟು ಬಿಚ್ಚೋವರೆಗೆ ರಾತ್ರಿ ಮಲಗಿದ್ರೂ ಇದನ್ನ ಕಿವಿಯಿಂದ ತೆಗೆಯೋ ಹಾಗಿಲ್ಲ."

ಗುಮಾಸ್ತ ಹಾಳೆ ತಿರುವಿ ನೋಡಿದ. "ಆದೇಶದಲ್ಲಿ ಮೂರೇ ಇರೋದು ಮೇಡಂ."

ಬಡಗಿಯ ಹೆಂಡತಿ ನೆಲ ನೋಡುತ್ತ ನಿಂತಿದ್ದಳು. ನ್ಯಾಯಾಧೀಶರು ಆಕೆಯನ್ನು ಒಂದು ಗಳಿಗೆ ನೋಡಿ, ಗುಮಾಸ್ತನಿಗೆ ಬರೆದುಕೊಳ್ಳಲು ಹೇಳಿದರು:

"ಮಾಲೀಕರು ಷರತ್ತುಗಳೆಲ್ಲವನ್ನೂ ಸರಿಯಾಗಿ ಅರ್ಥಮಾಡಿಕೊಂಡಿರುವುದು ನ್ಯಾಯಾಲಯಕ್ಕೆ ಮನದಟ್ಟಾಗಿದೆ."